ಜಸಿಂತಾ ಎಂಬ ಹೆಸರು: ಹೂವಿನದೋ, ಹುಡುಗನದೋ?

ಅಜ್ಜಿಯ ಮೊಮ್ಮಗಳು:

ವೇದಿಕೆಯ ಎಲ್ಲರಿಗೂ ನಮಸ್ಕಾರ. ನಮ್ಮ ಮಗಳಿಗೆ ಈಗ ಎರಡು ತಿಂಗಳು ತುಂಬಿದೆ. ಬರುವ ತಿಂಗಳು ಇಗರ್ಜಿಯಲ್ಲಿ ಜ್ಞಾನಸ್ನಾನ ನಡೆಯಲಿದ್ದು, ನನ್ನ ತಂದೆಯ ತಾಯಿಯ ಹೆಸರಾದ ಜಸಿಂತಾ ಎಂಬುದನ್ನೇ ಮಗುವಿಗೆ ಇಡಬೇಕೆಂದು ನಿಶ್ಚಯಿಸಿದ್ದೇವೆ. ನಾನು ಮಂಗಳೂರು ಕಡೆಯ ಕೊಂಕಣಿ ಮಾತಾಡುವ ಕ್ರೈಸ್ತ ಕುಟುಂಬದವಳು. ನನ್ನ ಪತಿ ಧಾರವಾಡದವರು. ಹೆಸರು ಕೇಳಿದೊಡನೆ ಅತ್ತೆಯವರು, 'ಚಲೋ ಅದ, ಆದ್ರ ಅರ್ಥ ಏನವಾ?' ಎಂದರು. ಪೋರ್ಚುಗೀಸ್ ಹೆಸರು, ಒಂದು ಹೂವಿನ ಹೆಸರು ಎಂದು ನಾನು ಧೈರ್ಯವಾಗಿಯೇ ಹೇಳಿದೆ. ಯಾವ ಹೂವು ಎಂಬ ಮರುಪ್ರಶ್ನೆಗೆ ಫೋನಿನಲ್ಲಿ ಹುಡುಕಿ ತೋರಿಸಹೋದರೆ, ನಮ್ಮೂರ ಕೆರೆಗಳನ್ನೆಲ್ಲ ಮುಚ್ಚಿಹಾಕುವ ಆ ತೇಲುವ ಕಳೆಯ ಚಿತ್ರ ಬಂದು ನಿಂತಿತು. ಅತ್ತೆಯವರು ನಕ್ಕು ಸುಮ್ಮನಾದರು, ನನಗೆ ಮಾತ್ರ ಸಮಾಧಾನವಾಗಿಲ್ಲ.

ಆದ್ದರಿಂದ ತಿಳಿದವರಲ್ಲಿ ಕೇಳುತ್ತಿದ್ದೇನೆ. ಜಸಿಂತಾ ನಿಜವಾಗಿ ಹೂವಿನ ಹೆಸರೇ? ಹೌದಾದರೆ ಯಾವ ಹೂವು? ಅಜ್ಜಿ ಹುಟ್ಟಿದ್ದು 1931ರಲ್ಲಿ. ಪೋರ್ಚುಗಲ್ಲಿನ ಫಾತಿಮಾ ಊರಿನ ಸಂತ ಜಸಿಂತಾಳ ನೆನಪಿಗೆ ಅವರಿಗೆ ಈ ಹೆಸರು ಬಂತೆಂದು ಮನೆಯಲ್ಲಿ ಎಲ್ಲರೂ ಹೇಳುತ್ತಾರೆ. ಇನ್ನೊಂದು ಸಣ್ಣ ತೊಡಕೂ ಇದೆ. ರೋಮನ್ ಲಿಪಿಯಲ್ಲಿ ಬರೆಯುವಾಗ ಕೊನೆಯ 'ಟಿ' ಅಕ್ಷರದ ಬಳಿಕ 'ಎಚ್' ಸೇರಿಸಬೇಕೋ ಬೇಡವೋ ಎಂಬ ವಿಷಯದಲ್ಲಿ ತಂದೆಯವರಿಗೂ ನನಗೂ ಒಮ್ಮತವಿಲ್ಲ.

ತೋಟದ ಮಾತು:

ಮೊದಲು ಆ ಕೆರೆಯ ಕಳೆಯನ್ನು ಬದಿಗಿಡೋಣ, ಪಾಪ, ಮಗುವಿಗೆ ಅದರ ಸಂಬಂಧ ಅಂಟುವುದು ಬೇಡ. ಕೆರೆ ಮುಚ್ಚುವ ಗಿಡದ ಮೂಲ ದಕ್ಷಿಣ ಅಮೆರಿಕದ ಅಮೆಜಾನ್ ಸೀಮೆ. ಅದರ ನೇರಳೆ ಹೂಗೊಂಚಲು ನೋಡಲು ಹಯಸಿಂತ್ ಹೂವಿನಂತಿದೆ ಎಂಬ ಒಂದೇ ಕಾರಣಕ್ಕೆ ಇಂಗ್ಲಿಷರು ಅದನ್ನು 'ವಾಟರ್ ಹಯಸಿಂತ್' ಎಂದರು. ಪೋರ್ಚುಗೀಸರೂ ಅದನ್ನು 'ನೀರಿನ ಜಸಿಂತು' ಎಂಬರ್ಥದ ಹೆಸರಿನಿಂದಲೇ ಕರೆಯುತ್ತಾರೆ. ಎರಡು ಗಿಡಗಳೂ ಬೇರೆ ಬೇರೆ ಕುಟುಂಬಕ್ಕೆ ಸೇರಿದವು.

ನಿಮಗೆ ಬೇಕಾದ ಹೂವು, ಎಂದರೆ ನಿಜವಾದ ಹಯಸಿಂತ್, ಸಸ್ಯಶಾಸ್ತ್ರದಲ್ಲಿ ಹಯಸಿಂತಸ್ ಓರಿಯೆಂಟಾಲಿಸ್. ದಕ್ಷಿಣ ಟರ್ಕಿ, ಸಿರಿಯಾ, ಲೆಬನಾನ್ ಭಾಗಗಳ ಕಲ್ಲುಗುಡ್ಡಗಳಲ್ಲಿ ಹುಟ್ಟುವ ಗಡ್ಡೆಯ ಗಿಡ ಇದು. ಈರುಳ್ಳಿಯಂಥ ಗಡ್ಡೆಯಿಂದ ವಸಂತದ ಆರಂಭದಲ್ಲಿ ಗೇಣುದ್ದದ ಒಂದು ದಂಟು ಎದ್ದು, ಅದರ ಸುತ್ತ ಆರು ಎಸಳಿನ ಗಂಟೆಯಾಕಾರದ ಹೂಗಳು ಒತ್ತೊತ್ತಾಗಿ ಅರಳುತ್ತವೆ. ಕಾಡಿನಲ್ಲಿ ನೀಲಿ ಹೂವೇ ಹೆಚ್ಚು. 16ನೆಯ ಶತಮಾನದಲ್ಲಿ ಯುರೋಪಿನ ತೋಟಗಳಿಗೆ ಬಂದ ಮೇಲೆ ಡಚ್ಚರು ಬಿಳಿ, ಗುಲಾಬಿ, ಹಳದಿ, ಕಡುನೇರಳೆ ತಳಿಗಳನ್ನೆಲ್ಲ ಎಬ್ಬಿಸಿದರು. ಪರಿಮಳ ಎಷ್ಟು ಗಾಢವೆಂದರೆ ಮುಚ್ಚಿದ ಕೋಣೆಯಲ್ಲಿ ಎರಡು ದಂಟುಗಳಿದ್ದರೆ ಕೆಲವರಿಗೆ ತಲೆನೋವು ಬರುವುದುಂಟು. ನಮ್ಮ ಸುಗಂಧರಾಜವನ್ನು ಬಲ್ಲವರಿಗೆ ಈ ಗಾಢತೆಯ ಅಂದಾಜು ಸಿಗುತ್ತದೆ. ಈಗಿನ ಸಸ್ಯಶಾಸ್ತ್ರದ ವಿಂಗಡಣೆಯಲ್ಲಿ ಎರಡೂ ಶತಾವರಿಯ ಕುಟುಂಬದವೇ. ಇನ್ನೂ ಹತ್ತಿರದ ನೆಂಟ ಬೇಕೆಂದರೆ ನಮ್ಮ ಕುರುಚಲು ಗುಡ್ಡಗಳಲ್ಲಿ ಮಳೆಗೆ ಮುಂಚೆ ಹೂದಂಟು ಎತ್ತುವ ಕಾಡು ಈರುಳ್ಳಿ ಇದೆ, ಆದರೆ ಅತ್ತೆಯವರ ಮುಂದೆ ಅದನ್ನು ಹೇಳಬೇಕೆಂದು ನಾನು ಸಲಹೆ ಮಾಡುವುದಿಲ್ಲ.

ಭಾಷೆಯ ಜಾಡು:

ತೋಟದ ಮಾತು ಅವರು ಹೂವನ್ನು ಸರಿಯಾಗಿ ಗುರುತಿಸಿದ್ದಾರೆ. ಆದರೆ ಹೆಸರಿನ ಚರಿತ್ರೆಯಲ್ಲಿ ಈ ಹೂವು ತೀರ ತಡವಾಗಿ ಬಂದ ಅತಿಥಿ ಎಂಬುದನ್ನು ಸೇರಿಸಬೇಕಾಗಿದೆ. ಪೋರ್ಚುಗೀಸ್ ಭಾಷೆಯಲ್ಲಿ ಹೂವಿಗೆ 'ಜಸಿಂತು' ಎಂದು ಹೆಸರು (ಬರಹದಲ್ಲಿ ಕೊನೆಯ ಸ್ವರ 'ಓ', ಪೋರ್ಚುಗಲ್ಲಿನವರ ಬಾಯಲ್ಲಿ ಅದು 'ಉ' ಆಗುತ್ತದೆ), ಮತ್ತು ಆ ಪದ ಪುಲ್ಲಿಂಗ. ರೋಜಾ ಎಂಬ ಹೂವಿನ ಹೆಸರು ಹಾಗೆಯೇ ಹುಡುಗಿಯ ಹೆಸರಾಗುತ್ತದೆ, ವಿಯೊಲೇತಾ ಕೂಡ ಹಾಗೆಯೇ. ಜಸಿಂತಾ ಹಾಗಲ್ಲ. ಅದು ಹೂವಿನ ಹೆಸರಲ್ಲ, ಜಸಿಂತು ಎಂಬ ಗಂಡು ಹೆಸರಿನ ಹೆಣ್ಣುರೂಪ.

ಆ ಗಂಡು ಹೆಸರಿನ ಮೂಲ ಗ್ರೀಕ್ ಪುರಾಣದ ಹ್ಯುಅಕಿಂಥೊಸ್. ಸ್ಪಾರ್ಟಾದ ಬಳಿಯ ಅಮಿಕ್ಲೈ ಊರಿನ ಚೆಲುವ ತರುಣ ಅವನು, ಅಪೊಲೊ ದೇವನಿಗೆ ಪ್ರಿಯನಾಗಿದ್ದವನು. ಇಬ್ಬರೂ ಲೋಹದ ಬಿಲ್ಲೆ ಎಸೆಯುವ ಆಟವಾಡುತ್ತಿದ್ದಾಗ ಅಪೊಲೊ ಎಸೆದ ಬಿಲ್ಲೆ ನೆಲಕ್ಕೆ ಬಡಿದು ಪುಟಿದು ತರುಣನ ಮುಖಕ್ಕೆ ತಗಲಿ ಅವನು ಸತ್ತನೆಂದೂ, ಅವನ ನೆತ್ತರು ಬಿದ್ದಲ್ಲಿ ಒಂದು ಹೂವು ಹುಟ್ಟಿತೆಂದೂ, ದೇವನು ತನ್ನ ನರಳಿಕೆಯನ್ನು 'ಐ ಐ' ಎಂಬ ಅಕ್ಷರಗಳಾಗಿ ಅದರ ಎಸಳುಗಳ ಮೇಲೆ ಬರೆದನೆಂದೂ ರೋಮನ್ ಕವಿ ಒವಿಡ್ ಹೇಳುತ್ತಾನೆ. ಪಡುವಣ ಗಾಳಿಯ ದೇವನಾದ ಜೆಫಿರಸ್ ಮತ್ಸರದಿಂದ ಆ ಬಿಲ್ಲೆಯ ದಾರಿ ತಪ್ಪಿಸಿದನೆಂಬ ಪಾಠವೂ ಉಂಟು. ಅಮಿಕ್ಲೈಯಲ್ಲಿ ಈ ತರುಣನ ನೆನಪಿಗೆ ಮೂರು ದಿನಗಳ ಹಬ್ಬವೇ ನಡೆಯುತ್ತಿತ್ತು. ಅದರ ಆರಂಭ ಶೋಕದ್ದು, ಮುಂದಿನದು ಸಂಭ್ರಮದ್ದು.

ಈಗ ನೀವೇ ಯೋಚಿಸಿ, ಇಂದಿನ ಹಯಸಿಂತ್ ಹೂವಿನ ಎಸಳುಗಳಲ್ಲಿ ಯಾವ ಗೆರೆಯೂ ಇಲ್ಲ, ಅಕ್ಷರದ ಮಾತಂತೂ ದೂರ ಉಳಿಯಿತು. ಅದಕ್ಕೇ ಗ್ರೀಕರ ಹೂವು ಬೇರೆಯದೇ ಇರಬೇಕೆಂದು ವಿದ್ವಾಂಸರು ಐರಿಸ್, ಕಾಡು ಗ್ಲಾಡಿಯೋಲಸ್, ಲಾರ್ಕ್‌ಸ್ಪರ್ ಎಂದು ಹಲವು ಹೂಗಳನ್ನು ಸೂಚಿಸಿದ್ದಾರೆ. ಪದವೂ ಮೂಲತಃ ಗ್ರೀಕ್ ಅಲ್ಲ. ಕೊರಿಂಥ್ ಎಂಬ ಊರಿನ ಹೆಸರಿನಲ್ಲಿ, ಲ್ಯಾಬಿರಿಂಥ್ ಎಂಬ ಪದದಲ್ಲಿ ಕಾಣುವ 'ಇಂಥ್' ಎಂಬ ತುಂಡೇ ಇದರಲ್ಲೂ ಇದ್ದು, ಗ್ರೀಕರು ಅಲ್ಲಿಗೆ ಬರುವ ಮೊದಲೇ ಇದ್ದ ಜನರ ನುಡಿಯ ಪಳೆಯುಳಿಕೆ ಇದೆಂದು ಸಾಮಾನ್ಯವಾಗಿ ಒಪ್ಪಲಾಗಿದೆ. ಆದ್ದರಿಂದ ಅತ್ತೆಯವರು ಪದದ ಧಾತುವೇನು ಎಂದು ಕೇಳಿದರೆ ಉತ್ತರ ಸಿಗುವುದಿಲ್ಲ. ಅದೇ ಪದವನ್ನು ಹಳಬರು ಒಂದು ನೀಲಿ ರತ್ನಕ್ಕೂ, ನೀಲಿಗೆಂಪು ಬಣ್ಣದ ಬಟ್ಟೆಗೂ ಬಳಸುತ್ತಿದ್ದರು. ಹೀಬ್ರೂ ಧರ್ಮಗ್ರಂಥದ ಗ್ರೀಕ್ ಅನುವಾದದಲ್ಲಿ ಆರಾಧನೆಯ ಗುಡಾರದ ನೀಲಿ ಪರದೆಗಳ ಬಣ್ಣಕ್ಕೆ ಬಳಕೆಯಾದದ್ದು ಇದೇ ಪದ.

ಸಂದೇಹಿ:

ಹಾಗಾದರೆ ಇದು ಹೂವಿನ ಹೆಸರೇ ಅಲ್ಲ ಎಂದಾಯಿತು. ಸತ್ತ ತರುಣನೊಬ್ಬನ ಹೆಸರಿಗೆ ಬಾಲ ಬದಲಿಸಿ ಹುಡುಗಿಗೆ ಇಟ್ಟು, ಮೇಲೆ ಹೂವಿನ ಚಿತ್ರ ಅಂಟಿಸಿದ್ದಾರೆ. ಮಕ್ಕಳ ಹೆಸರುಗಳ ಪಟ್ಟಿ ಮಾಡುವ ಪುಸ್ತಕಗಳೆಲ್ಲ 'ಜಸಿಂತಾ, ಸುಂದರ ನೇರಳೆ ಹೂವು' ಎಂದು ಬರೆಯುವುದು ಓದುಗರನ್ನು ದಾರಿ ತಪ್ಪಿಸುವ ಕೆಲಸವೆಂದು ನನ್ನ ಅಭಿಪ್ರಾಯ. ಪೋರ್ಚುಗಲ್ಲಿನಲ್ಲಿ ಈ ಹೆಸರಿಡುವ ತಾಯಿ ಹೂವನ್ನು ನೆನೆಯುತ್ತಾಳೆಯೇ, ಸಂತಳನ್ನು ನೆನೆಯುತ್ತಾಳೆಯೇ?

ತೇಜೋ ದಂಡೆ:

ಹನ್ನೊಂದು ವರ್ಷಗಳಿಂದ ಲಿಸ್ಬನ್ನಿನಲ್ಲಿ ಕೆಲಸ ಮಾಡುತ್ತಿರುವ ಕನ್ನಡಿಗನಾಗಿ ಸಂದೇಹಿ ಅವರ ಪ್ರಶ್ನೆಗೆ ಉತ್ತರಿಸಲು ಯತ್ನಿಸುತ್ತೇನೆ. ಇಲ್ಲಿ ಜಸಿಂತಾ ಎಂದೊಡನೆ ಯಾರಿಗೂ ಮೊದಲು ನೆನಪಾಗುವುದು ಫಾತಿಮಾದ ಕುರಿಗಾಹಿ ಬಾಲೆಯೇ. ಆ ಮಟ್ಟಿಗೆ ನೀವು ಹೇಳಿದ್ದು ಸರಿ.

ಜಸಿಂತಾ ಮಾರ್ತು ಹುಟ್ಟಿದ್ದು 1910ರ ಮಾರ್ಚ್‌ನಲ್ಲಿ, ಫಾತಿಮಾ ಎಂಬ ಧರ್ಮಕೇಂದ್ರಕ್ಕೆ ಸೇರಿದ ಅಲ್ಜುಸ್ತ್ರೆಲ್ ಎಂಬ ಪುಟ್ಟ ಹಳ್ಳಿಯಲ್ಲಿ. ಮನುವೆಲ್ ಮಾರ್ತು ಮತ್ತು ಒಲಿಂಪಿಯಾ ದಂಪತಿಯ ಕೊನೆಯ ಮಗಳು. 1917ರ ಮೇ 13ರಿಂದ ಅಕ್ಟೋಬರ್ 13ರವರೆಗೆ ಅಣ್ಣ ಫ್ರಾನ್ಸಿಸ್ಕು ಮತ್ತು ಹತ್ತಿರದ ಸಂಬಂಧಿ ಲೂಸಿಯಾ ಜೊತೆ ಕುರಿ ಕಾಯುತ್ತಿದ್ದಾಗ ಮರಿಯಮ್ಮನವರ ದರ್ಶನವಾಯಿತೆಂದು ಈ ಮಕ್ಕಳು ಹೇಳಿದ ಸಂಗತಿ ಲೋಕಕ್ಕೇ ಗೊತ್ತಿದೆ. ಅನಂತರದ್ದು ಮಾತ್ರ ಅಷ್ಟಾಗಿ ಯಾರೂ ಹೇಳುವುದಿಲ್ಲ. 1918ರ ಮಹಾಜ್ವರ ಅಣ್ಣ ತಂಗಿ ಇಬ್ಬರನ್ನೂ ಹಿಡಿಯಿತು. ಫ್ರಾನ್ಸಿಸ್ಕು 1919ರ ಏಪ್ರಿಲ್ 4ರಂದು ಮನೆಯಲ್ಲೇ ತೀರಿಕೊಂಡ. ಜಸಿಂತಾಳ ಶ್ವಾಸಕೋಶದ ಪೊರೆಯಲ್ಲಿ ಕೀವು ತುಂಬಿ, ಲಿಸ್ಬನ್ನಿನ ದೋನಾ ಎಸ್ತೆಫಾನಿಯಾ ಮಕ್ಕಳ ಆಸ್ಪತ್ರೆಯಲ್ಲಿ ಪೂರ್ತಿ ಅರಿವಳಿಕೆ ಕೊಡಲಾಗದ ಸ್ಥಿತಿಯಲ್ಲೇ ಎರಡು ಪಕ್ಕೆಲುಬುಗಳನ್ನು ತೆಗೆದರು. 1920ರ ಫೆಬ್ರುವರಿ 20ರ ರಾತ್ರಿ ಆಕೆ ಸತ್ತಾಗ ಮನೆಯವರು ಯಾರೂ ಬಳಿಯಲ್ಲಿರಲಿಲ್ಲ. ಇನ್ನೂ ಹತ್ತು ತುಂಬಿರಲಿಲ್ಲ. ಆ ರಸ್ತೆಯಲ್ಲಿ ನಾನು ಆಗಾಗ ಹಾದುಹೋಗುತ್ತೇನೆ, ಹೋದಾಗಲೆಲ್ಲ ಈ ಸಂಗತಿ ಮನಸ್ಸಿಗೆ ಬಾರದೆ ಇರುವುದಿಲ್ಲ. 2000ದ ಮೇ 13ರಂದು ಅಣ್ಣ ತಂಗಿಯರನ್ನು ಧನ್ಯರೆಂದೂ, 2017ರ ಮೇ 13ರಂದು, ಎಂದರೆ ಮೊದಲ ದರ್ಶನದ ನೂರನೆಯ ವರ್ಷಕ್ಕೆ ಸರಿಯಾಗಿ, ಸಂತರೆಂದೂ ಘೋಷಿಸಲಾಯಿತು.

ಹೂವಿನ ನೆನಪು ಇಲ್ಲಿನವರಿಗೆ ಇಲ್ಲವೇ ಇಲ್ಲವೆಂದು ಹೇಳಲಾರೆ. ಜನವರಿ ಕಳೆಯುತ್ತಿದ್ದಂತೆ ಹೂವಿನಂಗಡಿಗಳಲ್ಲಿ ಕುಂಡದಲ್ಲಿ ನೆಟ್ಟ ಜಸಿಂತುಗಳು ಬರುತ್ತವೆ. ಹೆಸರಿಗೂ ಹೂವಿಗೂ ಇರುವ ನಂಟು ಶಾಲೆಯ ಮಗುವಿಗೂ ಕೇಳಿದೊಡನೆ ತಿಳಿಯುತ್ತದೆ. ಇನ್ನು ಗಂಡು ರೂಪಕ್ಕೆ ಒಂದು ತಮಾಷೆಯ ಕಾಟವೂ ಇದೆ. 'ಝಾ ಸಿಂತು' ಎಂದರೆ 'ಈಗಾಗಲೇ ನನಗೆ ಅನಿಸುತ್ತಿದೆ' ಎಂದು ಪೋರ್ಚುಗೀಸಿನಲ್ಲಿ ಅರ್ಥ ಬರುವುದರಿಂದ, ಬ್ರೆಜಿಲ್ಲಿನ ಪಡ್ಡೆ ಹುಡುಗರು ಜಸಿಂತು ಹೆಸರಿನ ಮುಂದೆ ಬೇಕುಬೇಕಾದ ಅಡ್ಡಹೆಸರುಗಳನ್ನು ಜೋಡಿಸಿ ಪೋಲಿ ವಾಕ್ಯಗಳನ್ನು ಕಟ್ಟುತ್ತಾರೆ. ಅವುಗಳನ್ನು ಇಲ್ಲಿ ಬರೆಯುವಂತಿಲ್ಲ.

ಭಾಷೆಯ ಜಾಡು:

ಸಂದೇಹಿ ಅವರ ವಾದಕ್ಕೆ ನನ್ನ ಅರೆ ಒಪ್ಪಿಗೆ ಮಾತ್ರ ಇದೆ. ಮೂಲದಲ್ಲಿ ಹೂವಲ್ಲದ್ದು ಹೂವಿನ ಹೆಸರೇ ಅಲ್ಲ ಎಂಬ ಮಾನದಂಡ ಹಿಡಿದರೆ ಪೋರ್ಚುಗೀಸ್ ಹೂತೋಟದಲ್ಲಿ ಹುಡುಗಿಯರಿಗೆ ಹೆಚ್ಚು ಹೆಸರುಗಳು ಉಳಿಯುವುದಿಲ್ಲ. ಮಾರ್ಗರೀದಾ ಎಂದರೆ ಇಂದು ಬಿಳಿ ಎಸಳಿನ ಡೇಸಿ ಹೂವು, ಆದರೆ ಗ್ರೀಕ್ ಮೂಲದಲ್ಲಿ ಅದು ಮುತ್ತು. ಒರ್ತೆನ್ಸಿಯಾ ಎಂಬುದು ರೋಮಿನ ಒಂದು ಮನೆತನದ ಹೆಸರು. ಅಸೋರಿಸ್ ದ್ವೀಪಗಳ ಬೇಲಿಗಳನ್ನೆಲ್ಲ ನೀಲಿ ಮಾಡುವ ಹೈಡ್ರೇಂಜಿಯಾ ಹೂವಿಗೆ ಆ ಹೆಸರು ಅಂಟಿದ್ದು 18ನೆಯ ಶತಮಾನದಲ್ಲಿ. ದಾಲಿಯಾ ಮತ್ತು ಕಮೇಲಿಯಾ ಇಬ್ಬರು ಸಸ್ಯಪ್ರಿಯ ಗಂಡಸರ, ಸ್ವೀಡನ್ನಿನ ಡಾಲ್ ಮತ್ತು ಮೊರಾವಿಯಾದ ಜೆಸ್ವಿಟ್ ಮಠಸೋದರ ಕಮೆಲ್ ಅವರ, ಅಡ್ಡಹೆಸರುಗಳಿಂದ ಬಂದವು. ಮೂಲದಿಂದಲೂ ಹೂವೇ ಆಗಿರುವ ಹೆಸರೆಂದರೆ ಅಸುಸೇನಾ, ಬಿಳಿ ಲಿಲ್ಲಿ. ಅದು ಅರಬ್ಬರ 'ಸೂಸನ್' ಎಂಬ ಪದದ ಮೂಲಕ ಐಬೀರಿಯಾಕ್ಕೆ ಬಂದಿದ್ದು, ಹೀಬ್ರೂವಿನಿಂದ ಬಂದ ಸುಜಾನಾ ಎಂಬ ಹೆಸರಿನ ಅಕ್ಕತಂಗಿ. ಎಂದರೆ ಹೆಸರು ಮನುಷ್ಯರಿಂದ ಹೂವಿಗೆ ಹೋಗಿ, ಹೂವಿನಿಂದ ಮತ್ತೆ ಮನುಷ್ಯರಿಗೆ ಬರುವುದು ಆ ಭಾಷೆಯಲ್ಲಿ ಸಹಜವಾದ ನಡೆ. ಈ ಹಾದಿಯಲ್ಲಿ ಜಸಿಂತಾ ಎಲ್ಲರಿಗಿಂತ ದೂರ ನಡೆದು ಬಂದವಳು ಅಷ್ಟೆ.

ಉಚ್ಚಾರದ ಬಗೆಗೂ ಎರಡು ಮಾತು. ಪೋರ್ಚುಗೀಸರ ಮೊದಲ ಅಕ್ಷರ ನಮ್ಮ ಜ-ಕಾರವಲ್ಲ. ಶ-ಕಾರವನ್ನೇ ಗಂಟಲು ನಡುಗಿಸಿ ನುಡಿದಂಥ ಘೋಷಧ್ವನಿ. ಆ ಧ್ವನಿ ನಮ್ಮಲ್ಲಿಲ್ಲದ ಕಾರಣ ಅವರ 'ಝನೆಲಾ' ಕರಾವಳಿಯಲ್ಲಿ ಜನೇಲು ಆಯಿತು. ಜಸಿಂತಾ ಕೂಡ ಆ ಜನೇಲಿನಿಂದಲೇ ಒಳಗೆ ಬಂದಳೆನ್ನಬಹುದು. ನಡುವಿನ 'ಇಂ' ಮಾತ್ರ ಅವರಲ್ಲಿ ಅಚ್ಚ ಅನುನಾಸಿಕ ಸ್ವರವಾಗಿದ್ದು, ಕೊಂಕಣಿ ನಾಲಗೆಗೆ ಅದು ಸಲೀಸು. ಸ್ಪ್ಯಾನಿಷ್ ನುಡಿಯವರಲ್ಲಿ ಹೆಚ್ಚಿನವರು ಇದೇ ಅಕ್ಷರಗಳನ್ನು 'ಹಸಿಂತಾ' ಎಂದು ಓದುತ್ತಾರೆ. ಆದುದರಿಂದ ನಿಮ್ಮ ಮನೆಯ ಉಚ್ಚಾರವೇ ಅದು ಯಾವ ದಾರಿಯಿಂದ ಬಂತೆಂಬುದಕ್ಕೆ ಸಾಕ್ಷಿ. ನ್ಯೂಜಿಲೆಂಡಿನ ಪ್ರಧಾನಿಯಾಗಿದ್ದ ಜಸಿಂಡಾ ಆರ್ಡರ್ನ್ ಅವರ ಹೆಸರನ್ನೂ ಇದೇ ಹೆಸರಿನ ಇಂಗ್ಲಿಷ್ ರೂಪಾಂತರವೆಂದು ಎಣಿಸುವುದುಂಟು.

ಹಳೆಯ ದಾಖಲೆ:

ನಾನು ಮಂಗಳೂರಿನ ನಿವೃತ್ತ ಉಪಾಧ್ಯಾಯ. ಇಗರ್ಜಿಗಳ ಹಳೆಯ ಜ್ಞಾನಸ್ನಾನದ ಪುಸ್ತಕಗಳನ್ನು ನೋಡುವ ಹುಚ್ಚು ನನಗಿದೆ. ಮೊಮ್ಮಗಳೇ, ನಿಮ್ಮ ಮನೆಯವರ ಒಂದು ಮಾತನ್ನು ನಾನು ಒಪ್ಪಲಾರೆ, ತಪ್ಪು ತಿಳಿಯಬೇಡಿ. 1931ರಲ್ಲಿ ಹುಟ್ಟಿದ ಮಗುವಿಗೆ ಫಾತಿಮಾದ ಜಸಿಂತಾಳ ನೆನಪಿಗೆ ಹೆಸರಿಟ್ಟಿರುವ ಸಂಭವ ಬಹಳ ಕಡಮೆ. ಫಾತಿಮಾದ ದರ್ಶನಗಳು ನಂಬಿಕೆಗೆ ಯೋಗ್ಯವೆಂದು ಅಲ್ಲಿನ ಬಿಷಪರು ಒಪ್ಪಿಗೆ ಕೊಟ್ಟದ್ದೇ 1930ರ ಅಕ್ಟೋಬರ್‌ನಲ್ಲಿ. ಆ ಬಾಲೆಯ ಬದುಕಿನ ವಿವರಗಳು ಹೊರಗೆ ಬರಲು 1935 ಆಗಬೇಕಾಯಿತು: ಆ ವರ್ಷ ಅವಳ ದೇಹವನ್ನು ಓರೆಂ ಊರಿನ ಸಮಾಧಿಯಿಂದ ಫಾತಿಮಾದ ಸ್ಮಶಾನಕ್ಕೆ ಸಾಗಿಸಿದ ಮೇಲೆ, ಬಿಷಪರ ಕೋರಿಕೆಯಂತೆ ಲೂಸಿಯಾ ತನ್ನ ನೆನಪುಗಳನ್ನು ಬರೆದದ್ದು. ಸಂತ ಪದವಿಯಂತೂ ನಿಮ್ಮ ಕಣ್ಣೆದುರೇ ಬಂತು. ನಮ್ಮ ಕರಾವಳಿಯಲ್ಲಿ ಈ ಹೆಸರು ಅದಕ್ಕಿಂತ ಬಹಳ ಹಳೆಯದು.

ಹೇಗೆಂದರೆ, ಕ್ರೈಸ್ತ ಪಂಚಾಂಗದಲ್ಲಿ ಈ ಹೆಸರಿನ ಇನ್ನೂ ಹಲವು ಸಂತರಿದ್ದಾರೆ, ಅವರಲ್ಲಿ ಮೂವರು ಇಲ್ಲಿ ಮುಖ್ಯ. ಈ ಮೂವರಲ್ಲಿ ಹಿರಿಯನು ರೋಮಿನ ರಕ್ತಸಾಕ್ಷಿ ಹಯಸಿಂತ್. ಪ್ರೋಟಸ್ ಎಂಬವನ ಜೊತೆ ಸೆಪ್ಟೆಂಬರ್ 11ರಂದು ಅವನ ಸ್ಮರಣೆ. 1845ರಲ್ಲಿ ರೋಮಿನ ನೆಲದಡಿಯ ಸಮಾಧಿಗಳಲ್ಲಿ ಅವನ ಗೋರಿ ಮುಚ್ಚಿದ್ದ ಹಾಗೆಯೇ ಸಿಕ್ಕಿತು. ಅದರ ಕಲ್ಲಿನ ಮೇಲೆ ಹೆಸರಿನ ಮೊದಲಿನ 'ಎಚ್' ಅಕ್ಷರವಿಲ್ಲದೆ 'ಯಸಿಂಥುಸ್' ಎಂದು ಕೊರೆದಿತ್ತು. ಭಾಷೆಯ ಜಾಡು ಅವರಿಗೆ ಇದು ಪ್ರಿಯವಾಗಬಹುದು, ಏಕೆಂದರೆ ಹ-ಕಾರ ಬಿದ್ದು ಯ-ಕಾರವಾಗಿ, ಯ-ಕಾರ ಜ-ಕಾರವಾಗುವ ದಾರಿಯ ಮೊದಲ ಹೆಜ್ಜೆ ಆ ಕಲ್ಲಿನಲ್ಲೇ ಕಾಣುತ್ತದೆ. ಎರಡನೆಯವರು ಪೋಲೆಂಡಿನ ದೊಮಿನಿಕನ್ ಸನ್ಯಾಸಿ. 1257ರಲ್ಲಿ ತೀರಿಕೊಂಡ ಇವರನ್ನು 1594ರಲ್ಲಿ ಸಂತರ ಸಾಲಿಗೆ ಸೇರಿಸಿದರು, ಹಳೆಯ ಪಂಚಾಂಗದಲ್ಲಿ ಇವರ ದಿನ ಆಗಸ್ಟ್ 17. ಇಸವಿಯನ್ನು ಗಮನಿಸಿ. ಗೋವೆಯಲ್ಲಿ ಪೋರ್ಚುಗೀಸ್ ಆಳಿಕೆ ಬಲವಾಗಿದ್ದ, ದೊಮಿನಿಕನ್ನರು ಅಲ್ಲಿ ಮಠ ಕಟ್ಟಿ ನೆಲೆಸಿದ್ದ ಕಾಲ ಅದು. ವಾಸ್ಕೋದಿಂದ ಪಣಜಿಗೆ ಹೋಗುವ ದಾರಿಯಲ್ಲಿ ಜುವಾರಿ ನದಿಯ ಬದಿಗೆ ಸಾಂವ್ ಜಸಿಂತು ಎಂಬ ಪುಟ್ಟ ದ್ವೀಪವನ್ನು ನಿಮ್ಮಲ್ಲಿ ಹಲವರು ಬಸ್ಸಿನ ಕಿಟಕಿಯಿಂದ ನೋಡಿಯೇ ಇರುತ್ತೀರಿ. ಮೂರನೆಯವರು ಇಟಲಿಯ ವಿತೆರ್ಬೊ ಊರಿನ ಜಸಿಂತಾ ಮರೆಸ್ಕೊತ್ತಿ. 1640ರಲ್ಲಿ ತೀರಿಕೊಂಡ ಇವರ ದಿನ ಜನವರಿ 30. ಶ್ರೀಮಂತ ಮನೆತನದ ಇವರ ಹುಟ್ಟುಹೆಸರು ಕ್ಲಾರಿಚೆ. ಮಠ ಸೇರಿದಾಗ ಜಸಿಂತಾ ಆದರು.

ಗೋವೆಯಿಂದ ಬಂದು ನೆಲೆಸಿದ ನಮ್ಮ ಪೂರ್ವಜರು ಮಗುವಿಗೆ ಹೆಸರಿಡಲು ಎರಡು ದಾರಿ ಹಿಡಿಯುತ್ತಿದ್ದರು. ಒಂದು, ಅಜ್ಜ ಅಜ್ಜಿಯರ ಹೆಸರು: ಮೊದಲ ಹೆಣ್ಣುಮಗುವಿಗೆ ತಂದೆಯ ತಾಯಿಯ ಹೆಸರು, ಎರಡನೆಯದಕ್ಕೆ ತಾಯಿಯ ತಾಯಿಯದು. ಇನ್ನೊಂದು, ಆ ದಿನದ ಸಂತರ ಹೆಸರು. ನಿಮ್ಮ ಅಜ್ಜಿ ಹುಟ್ಟಿದ ತಾರೀಕು ಯಾವುದು?

ಅಜ್ಜಿಯ ಮೊಮ್ಮಗಳು:

ಸರ್, ನಿಮ್ಮ ಪ್ರಶ್ನೆ ಓದಿ ಮೈ ಜುಮ್ಮೆಂದಿತು. ಊರಿನ ಇಗರ್ಜಿಯ ಪಾದ್ರಿಯವರಿಗೆ ಫೋನು ಮಾಡಿಸಿ, ಪುಸ್ತಕದ ಆ ಪುಟದ ಫೋಟೋ ತರಿಸಿದೆ. ಅಜ್ಜಿ ಹುಟ್ಟಿದ್ದು ಸೆಪ್ಟೆಂಬರ್ 8ರಂದು, ಮೊಂತಿ ಹಬ್ಬದ ದಿನ. ಅದು ನಮಗೆಲ್ಲ ತಿಳಿದಿದ್ದ ಸಂಗತಿ. ಮಕ್ಕಳೆಲ್ಲ ತಟ್ಟೆಯಲ್ಲಿ ಹೂವು ತಂದು ಬಾಲಮರಿಯಮ್ಮನಿಗೆ ಅರ್ಪಿಸುವ ಹಬ್ಬದಂದು ಹುಟ್ಟಿದ್ದರಿಂದ ಹೂವಿನ ಹೆಸರಿಟ್ಟರೆಂದು ನನ್ನ ದೊಡ್ಡಮ್ಮ ಹೇಳುತ್ತಿದ್ದುದೂ ಉಂಟು. ಆದರೆ ಜ್ಞಾನಸ್ನಾನದ ತಾರೀಕು ಮನೆಯಲ್ಲಿ ಯಾರಿಗೂ ಗೊತ್ತಿರಲಿಲ್ಲ. ಅದು ಸೆಪ್ಟೆಂಬರ್ 11.

ಪುಟವೆಲ್ಲ ಲ್ಯಾಟಿನ್ನಿನಲ್ಲಿದೆ. ಹೆಸರಿನ ಜಾಗದಲ್ಲಿ 'ಹಯಸಿಂಥಾ' ಎಂದು ಓದಲು ಬರುವಂಥ ಅಕ್ಷರಗಳಿವೆ. ಮೊದಲು ಬೇರೆ ಯಾರದೋ ಪುಟ ಕಳಿಸಿದ್ದಾರೆಂದು ಭಾವಿಸಿದ್ದೆ. ಮುತ್ತಜ್ಜನ ಹೆಸರನ್ನು ಕೆಳಗೆ ನೋಡಿದ ಮೇಲೆ ಖಾತ್ರಿಯಾಯಿತು.

ಹಳೆಯ ದಾಖಲೆ:

ಅಲ್ಲಿಗೆ ಸಂಗತಿ ಬಹುಮಟ್ಟಿಗೆ ಬಗೆಹರಿಯಿತು. ಮೂರು ದಿನದ ಮಗುವನ್ನು ಇಗರ್ಜಿಗೆ ಒಯ್ದ ದಿನವೇ ರಕ್ತಸಾಕ್ಷಿ ಹಯಸಿಂತನ ಸ್ಮರಣೆ ಇದ್ದುದರಿಂದ, ಬರೆದ ಪಾದ್ರಿಯವರು ಪಂಚಾಂಗದ ಹೆಸರನ್ನು ಲ್ಯಾಟಿನ್ನಿನ ಹೆಣ್ಣುರೂಪದಲ್ಲಿ ಬರೆದರು, ಮನೆಯವರು ಅದನ್ನು ತಮ್ಮ ಬಾಯಿಗೆ ಪರಿಚಿತವಾಗಿದ್ದ ಪೋರ್ಚುಗೀಸ್ ರೂಪದಲ್ಲಿ ಜಸಿಂತಾ ಎಂದು ಕರೆದರು. ಪುಸ್ತಕದಲ್ಲಿ ಒಂದು ರೂಪ, ಅಂಗಳದಲ್ಲಿ ಇನ್ನೊಂದು ರೂಪ ಇರುವುದು ಆ ಕಾಲದಲ್ಲಿ ತೀರ ಸಾಮಾನ್ಯ. ದೊಡ್ಡಮ್ಮನವರ ಮೊಂತಿ ಹಬ್ಬದ ಕಥೆಯನ್ನೂ ಪೂರ್ತಿ ತಳ್ಳಿಹಾಕಬೇಕಾಗಿಲ್ಲ. ಹೆಸರು ಒಪ್ಪಿಗೆಯಾಗಲು ಹೂವಿನ ನೆನಪೂ ನೆರವಾಗಿರಬಹುದು.

ಸಂದೇಹಿ:

ಫಾತಿಮಾ ಹೋಯಿತು, ಹೂವು ಅರ್ಧ ಹೋಯಿತು, ಉಳಿದವನು ರೋಮಿನ ನೆಲಮಾಳಿಗೆಯ ರಕ್ತಸಾಕ್ಷಿ. ನನ್ನ ವಾದ ಗೆದ್ದಿತೆಂದು ಹೇಳಿಕೊಳ್ಳುವ ಆಸೆಯಿದ್ದರೂ, ಮುಂದೆ ಈ ಮಗು ಬೆಳೆದು ಫೆಬ್ರುವರಿ 20ರಂದು ಸಂತ ಜಸಿಂತಾಳ ದಿನವನ್ನು ಆಚರಿಸಿದರೆ ಅದನ್ನು ತಪ್ಪೆನ್ನಲು ನನ್ನಿಂದಾಗದು. ಇಷ್ಟೆಲ್ಲ ಆಯಿತು, ಆ 'ಎಚ್' ಅಕ್ಷರದ ಪ್ರಶ್ನೆಗೆ ಯಾರೂ ಉತ್ತರಿಸಲಿಲ್ಲವಲ್ಲ?

ತೇಜೋ ದಂಡೆ:

ಅದರಲ್ಲೇ ಸ್ವಾರಸ್ಯವಿರುವುದು. ಇಂದಿನ ಪೋರ್ಚುಗೀಸ್ ಬರಹದಲ್ಲಿ ಈ ಹೆಸರಿಗೆ 'ಎಚ್' ಇಲ್ಲ, ಬರೆದರೆ ತಪ್ಪೆಂದು ಎಣಿಸುತ್ತಾರೆ. ಆದರೆ 1911ಕ್ಕೆ ಮೊದಲು ಹಾಗಿರಲಿಲ್ಲ. 1910ರ ಅಕ್ಟೋಬರ್ 5ರಂದು ಅರಸೊತ್ತಿಗೆ ಬಿದ್ದು ಗಣರಾಜ್ಯ ಬಂದ ಮರುವರ್ಷ ಸರಕಾರ ಕಾಗುಣಿತವನ್ನು ಸುಧಾರಿಸಿ, ಗ್ರೀಕ್ ಮೂಲದ ಪದಗಳಲ್ಲಿ 'ಟಿ'ಯಂಥ ವ್ಯಂಜನಗಳ ಬಳಿಕ ಉಚ್ಚಾರವಿಲ್ಲದೆ ಉಳಿದಿದ್ದ 'ಎಚ್' ಅಕ್ಷರಗಳನ್ನು ಸಾರಾಸಗಟಾಗಿ ಕಿತ್ತುಹಾಕಿತು. ಔಷಧದ ಅಂಗಡಿಯನ್ನು 'ಪಿ-ಎಚ್' ಎಂದು ಆರಂಭಿಸಿ ಬರೆಯುತ್ತಿದ್ದವರು 'ಎಫ್' ಎಂದು ಬರೆಯತೊಡಗಿದ್ದೂ ಆಗಲೇ. ಎಂದರೆ ಫಾತಿಮಾದ ಬಾಲೆಗೆ ನಾಮಕರಣವಾದ 1910ರ ಮಾರ್ಚ್‌ನಲ್ಲಿ 'ಎಚ್' ಸೇರಿಸಿ ಬರೆಯುವುದೇ ಶಿಷ್ಟರ ರೂಢಿ. ಅವಳಿಗೆ ಎರಡು ತುಂಬುವ ಮೊದಲೇ ಆ ಅಕ್ಷರ ಕಾನೂನಿನಿಂದಲೇ ಮಾಯ. ಲಿಸ್ಬನ್ನಿನ ಹಳೆಯ ಸ್ಮಶಾನಗಳ ಗೋರಿಗಲ್ಲುಗಳ ಮೇಲೆ ಎರಡು ರೂಪಗಳನ್ನೂ ನಾನು ನೋಡಿದ್ದೇನೆ.

ಭಾಷೆಯ ಜಾಡು:

ಹಾಗೆಂದು ಮಂಗಳೂರಿನ 'ಎಚ್' ಪೋರ್ಚುಗಲ್ಲಿನ ಹಳೆಯ ಕಾಗುಣಿತದಿಂದಲೇ ಉಳಿದು ಬಂತೆಂದು ಹೇಳಲು ಅವಸರಪಡಬಾರದು. ನಮ್ಮವರು ರೋಮನ್ ಲಿಪಿಯಲ್ಲಿ ತ-ಕಾರ ಬರೆಯಬೇಕಾದಾಗಲೆಲ್ಲ 'ಟಿ'ಯ ಪಕ್ಕ 'ಎಚ್' ಹಾಕುತ್ತಾರೆ, ಇಲ್ಲವಾದರೆ ಓದುವವರು ಟ-ಕಾರ ಮಾಡುತ್ತಾರೆ. ಗೀತಾ, ಸವಿತಾ, ಲತಾ ಎಂದು ಬರೆಯುವ ಕ್ರಮ ನೋಡಿ. ಜಸಿಂತಾಳ 'ಎಚ್' ಕೂಡ ಗೀತಾಳ 'ಎಚ್' ಆಗಿರಬಹುದು. ಲ್ಯಾಟಿನ್ ಪುಸ್ತಕದ 'ಎಚ್' ಮೂರನೆಯ ಸಾಧ್ಯತೆ. ನನ್ನ ಒಲವು ಎರಡನೆಯದರ ಕಡೆಗೆ, ಏಕೆಂದರೆ ಪೋರ್ಚುಗೀಸ್ ಆಗಲಿ ಲ್ಯಾಟಿನ್ ಆಗಲಿ ಓದದ ಶಾಲಾ ಗುಮಾಸ್ತರೇ ಹೆಚ್ಚಿನ ಹೆಸರುಗಳನ್ನು ದಾಖಲೆಗೆ ಇಳಿಸಿದವರು. ಆದರೂ ಗ್ರೀಕರ ಥ-ಕಾರವಾದ ಥೀಟಾ ಎರಡು ಸಾವಿರ ವರ್ಷ ಸುತ್ತಿ ಬಂದು ದಕ್ಷಿಣ ಕನ್ನಡದ ಪಡಿತರ ಚೀಟಿಯ ಮೇಲೆ ಕುಳಿತಂತೆ ಕಾಣುತ್ತದೆ ಎಂಬುದು ನಿಜ.

ಅಜ್ಜಿಯ ಮೊಮ್ಮಗಳು:

ಎಲ್ಲರಿಗೂ ಹೃತ್ಪೂರ್ವಕ ಕೃತಜ್ಞತೆಗಳು. ನಿನ್ನೆ ರಾತ್ರಿ ಇಡೀ ಚರ್ಚೆಯನ್ನು ತಂದೆಯವರಿಗೆ ಓದಿ ಹೇಳಿದೆ. ಅವರು ಲ್ಯಾಟಿನ್, ಗ್ರೀಕ್ ಯಾವುದನ್ನೂ ಲೆಕ್ಕಕ್ಕೆ ತೆಗೆದುಕೊಳ್ಳದೆ, ಅಜ್ಜಿಯ ಬ್ಯಾಂಕಿನ ಪಾಸ್‌ಬುಕ್ಕಿನಲ್ಲಿ 'ಎಚ್' ಇತ್ತು, ಆದ್ದರಿಂದ ಮಗುವಿಗೂ ಇರಲಿ ಎಂದರು. ಇರಲಿ ಎಂದು ನಾನೂ ಒಪ್ಪಿದ್ದೇನೆ. ಕನ್ನಡದಲ್ಲಿ ಜಸಿಂತಾ ಎಂದೇ ಬರೆಯುತ್ತೇವೆ. ಅತ್ತೆಯವರಿಗೆ ಅಪೊಲೊ ಬಿಲ್ಲೆ ಎಸೆದ ಕಥೆ ಹೇಳಿದೆ. 'ದೇವರಾದವನು ಆಡೂ ಮುಂದ ಹಿಂದ ಮುಂದ ನೋಡಬ್ಯಾಡೇನು?' ಎಂದು ಸಿಟ್ಟಾದರು. ಹೂವಿನ ಚಿತ್ರವನ್ನು ಮಾತ್ರ ಬಹಳ ಹೊತ್ತು ನೋಡಿದರು. ಅಂಗಳದ ಕುಂಡದಲ್ಲಿ ಇದನ್ನು ಬೆಳೆಸಬಹುದೇ ಎಂದು ಅವರೇ ಕೇಳಲು ಹೇಳಿದ್ದಾರೆ. ತೋಟದ ಮಾತು ಅವರು ದಯವಿಟ್ಟು ತಿಳಿಸಬೇಕು.

ತೋಟದ ಮಾತು:

ಧಾರವಾಡದ ಚಳಿ ಅದಕ್ಕೆ ಸಾಲದು. ಗಡ್ಡೆ ಹೂದಂಟು ಎತ್ತಬೇಕಾದರೆ ಹತ್ತು ಹನ್ನೆರಡು ವಾರವಾದರೂ ಸುಮಾರು 9 ಡಿಗ್ರಿಗಿಂತ ಕೆಳಗಿನ ತಂಪು ಬೇಕು. ಗಡ್ಡೆ ತರಿಸಿ, ಕಾಗದದ ಚೀಲದಲ್ಲಿಟ್ಟು, ಫ್ರಿಜ್ಜಿನ ತರಕಾರಿ ಡಬ್ಬಿಯಲ್ಲಿ ಸೆಪ್ಟೆಂಬರ್ ಕೊನೆಯಿಂದ ಡಿಸೆಂಬರ್ ಮಧ್ಯದವರೆಗೆ ಇರಿಸಿ. ಪಕ್ಕದಲ್ಲಿ ಸೇಬು, ಬಾಳೆಹಣ್ಣು ಇಡಬೇಡಿ, ಹಣ್ಣು ಬಿಡುವ ಅನಿಲಕ್ಕೆ ಒಳಗಿನ ಮೊಗ್ಗು ಕೆಡುತ್ತದೆ. ಅನಂತರ ನೀರು ನಿಲ್ಲದ ಮರಳು ಬೆರೆತ ಮಣ್ಣಿನಲ್ಲಿ ನೆಟ್ಟು, ಮಧ್ಯಾಹ್ನದ ಬಿಸಿಲು ಬೀಳದ ಕಡೆ ಇಟ್ಟರೆ ಜನವರಿಯಲ್ಲಿ ಹೂವು ಕಾಣಬಹುದು. ಮರುವರ್ಷ ಅದೇ ಗಡ್ಡೆ ನಮ್ಮ ಹವೆಯಲ್ಲಿ ಮತ್ತೆ ಹೂ ಬಿಡುವುದೆಂದು ನೆಚ್ಚಬೇಡಿ. ಗಡ್ಡೆಯ ಸಿಪ್ಪೆ ಮುಟ್ಟಿದರೆ ಕೈ ತುರಿಸುತ್ತದೆ, ತಿಂದರೆ ವಿಷ. ಹಾಗಾಗಿ ಅತ್ತೆಯವರಿಗೆ ಕೈಗವಸು ಹಾಕಿಕೊಳ್ಳಲು ಹೇಳಿ, ಮತ್ತು ಫ್ರಿಜ್ಜಿನಲ್ಲಿಟ್ಟ ಚೀಲದ ಮೇಲೆ 'ಈರುಳ್ಳಿ ಅಲ್ಲ' ಎಂದು ದಪ್ಪಕ್ಷರದಲ್ಲಿ ಬರೆದಿಡಿ.